ಬಾಗಿಲ ಮುಂದೆ ಬಸ್ಕಿ

ಕ್ಷಮೆ ಕೇಳುವುದರಲ್ಲಿ ಅವಳನ್ನು ಮೀರಿಸುವವರು ಆ ಕಟ್ಟಡದಲ್ಲಿ ಯಾರೂ ಇರಲಿಲ್ಲ. ಎರಡನೇ ಮಹಡಿಯಲ್ಲಿದ್ದ ಅವಳ ಕಚೇರಿ ಬೇರೆ ಬೇರೆ ಕಂಪನಿಗಳ ಪರವಾಗಿ ಬೈಸಿಕೊಳ್ಳುವ ಗುತ್ತಿಗೆ ಹಿಡಿದಿತ್ತು. ತಣ್ಣಗಾಗದ ಫ್ರಿಜ್, ಬಣ್ಣ ಬಿಡುವ ಸೋಫಾ, ಮಧ್ಯಾಹ್ನವಾದರೆ ನಿದ್ದೆ ಹೋಗುವ ಗಡಿಯಾರ, ಯಾರು ಏನನ್ನೇ ಮಾರಿರಲಿ, ಕೊಂಡವರ ಸಿಟ್ಟು ಕೊನೆಗೆ ಬಂದು ಬೀಳುತ್ತಿದ್ದುದು ಇವಳ ಮೇಜಿನ ಮೇಲೆ. 'ತಮಗಾದ ತೊಂದರೆಗೆ ಮನಃಪೂರ್ವಕವಾಗಿ ಕ್ಷಮೆ ಕೋರುತ್ತೇವೆ' ಎಂದು ಇವಳು ಬರೆಯುತ್ತಿದ್ದಳು. ಅಕ್ಕಪಕ್ಕದ ಮೇಜಿನವರು ಬರೆಯುತ್ತಿದ್ದುದೂ ಅದನ್ನೇ. ಆದರೆ ಇವಳು ಬರೆದದ್ದನ್ನು ಓದಿದವರಿಗೆ ಮಾತ್ರ, ಅಯ್ಯೋ ಪಾಪ, ತಾವೇ ಆ ಫ್ರಿಜ್ಜಿನ ಮನಸ್ಸು ನೋಯಿಸಿದೆವೇನೋ ಅನ್ನಿಸಿಬಿಡುತ್ತಿತ್ತು. ಬೈಯಲು ಬರೆದವರು ತಿರುಗಿ ಕ್ಷೇಮಸಮಾಚಾರ ಕೇಳಿ ಬರೆದದ್ದೂ ಉಂಟು. ಕಚೇರಿಯಲ್ಲಿ ಅವಳಿಗೆ 'ಕ್ಷಮಿಸಿ ಮೇಡಂ' ಎಂಬ ಹೆಸರೇ ನಿಂತುಹೋಗಿತ್ತು.

ದಿನವಿಡೀ ಕಂಡವರ ತಪ್ಪಿಗೆಲ್ಲ ತಲೆಬಾಗಿ ಮನೆಗೆ ಬರುವಷ್ಟರಲ್ಲಿ, ಸ್ವಂತದ ತಪ್ಪಿಗೆಂದು ಅವಳ ಹತ್ತಿರ ಒಂದು ಚೂರು ಕ್ಷಮೆಯೂ ಉಳಿದಿರುತ್ತಿರಲಿಲ್ಲ. ಹಾಲು ಉಕ್ಕಿದರೆ ಅದು ಒಲೆಯ ತಪ್ಪು. ಲೋಟ ಒಡೆದರೆ ಲೋಟ ಇಟ್ಟ ಜಾಗದ ತಪ್ಪು. ಮದುವೆಯಾಗಿ ಬಂದಾಗಿನಿಂದ ಅವಳ ಬಾಯಲ್ಲಿ 'ತಪ್ಪಾಯ್ತು' ಅನ್ನುವ ಮಾತನ್ನು ಆ ಮನೆಯ ಗೋಡೆಗಳೂ ಕೇಳಿರಲಿಲ್ಲ. ಗಂಡ ಇದಕ್ಕೆ ಒಗ್ಗಿಹೋಗಿದ್ದ. ಅವನು ಲಿಫ್ಟ್ ರಿಪೇರಿಯವನು. ಮೇಲಿನವರಿಗೂ ಕೆಳಗಿನವರಿಗೂ 'ಬಂದೆ, ಬಂದೆ' ಅನ್ನುತ್ತ ನಡುವೆ ನೇತಾಡುವುದು ಅವನಿಗೆ ಕೆಲಸದಲ್ಲೂ ಮನೆಯಲ್ಲೂ ಒಂದೇ ಆಗಿತ್ತು. ಒಗ್ಗದೆ ಉಳಿದವರು ಅತ್ತೆ.

ಅತ್ತೆ ಒಂದು ಕಾಲಕ್ಕೆ ಟೈಪಿಂಗ್ ಶಾಲೆ ನಡೆಸಿದವರು. ಸಾಲಾಗಿಟ್ಟ ಯಂತ್ರಗಳ ನಡುವೆ ಸ್ಕೇಲು ಹಿಡಿದು ನಡೆಯುತ್ತ, ಕಾಗದ ನೋಡದೆ, ಬರೀ ಸದ್ದು ಕೇಳಿಯೇ ಯಾವ ಹುಡುಗ ಯಾವ ಅಕ್ಷರ ತಪ್ಪಿದ ಎಂದು ಹೇಳಿಬಿಡುತ್ತಿದ್ದರಂತೆ. ಹಾಗಂತ ಹೇಳುತ್ತಿದ್ದವರೂ ಅವರೇ. ಕಂಪ್ಯೂಟರ್ ಬಂತು, ಶಾಲೆ ಮುಚ್ಚಿತು. ಅಂದಿನಿಂದ ಆ ಪೆಟ್ಟಿಗೆಯನ್ನು ಕಂಡರೆ ಅವರಿಗೆ ಮೈ ಉರಿ. ಆದರೆ ಮಂಡಿಯ ಆಪರೇಷನ್ ಆಗಿ ಕೂತಲ್ಲೇ ಕೂರಬೇಕಾಗಿ ಬಂದಾಗ ಮಗ ಹಳೆಯ ಕಂಪ್ಯೂಟರೊಂದನ್ನು ತಂದು ಅವರ ಕೋಣೆಯಲ್ಲೇ ಇಟ್ಟ.

"ಆ ದರಿದ್ರಾನ ನನ್ನ ಕಣ್ಣೆದುರಿಗೆ ಇಡಬೇಡ."

"ಆಯ್ತಮ್ಮ," ಎಂದು ಅವನು ಅದರಲ್ಲೊಂದು ಆಟ ಹಾಕಿಕೊಟ್ಟು, ಮೆಲ್ಲಗೆ ಜಾಗ ಖಾಲಿ ಮಾಡಿದ.

ಆಟದ ಹೆಸರು 'ತೇಪೆಲೋಕ'. ಕಂಪ್ಯೂಟರಿನ ಒಳಗೊಂದು ಊರು, ಊರಿನ ತುಂಬ ಎಡವಟ್ಟು. ಹಕ್ಕಿಗಳು ಹಿಮ್ಮುಖವಾಗಿ ಹಾರುತ್ತವೆ. ನೆರಳುಗಳು ತಮ್ಮ ಯಜಮಾನರನ್ನು ಬಿಟ್ಟು ಬೇರೆ ಬೀದಿಗೆ ಹೋಗುತ್ತವೆ. ಕಾರಂಜಿಯಲ್ಲಿ ನೀರಿನ ಬದಲು ಕುರ್ಚಿಗಳು ಚಿಮ್ಮುತ್ತವೆ. ಆಡುವವರು ತೇಪೆಗಾರನೆಂಬ ಗೊಂಬೆಯಾಗಿ ಬೀದಿ ಬೀದಿ ಅಲೆದು, ಒಂದೊಂದೇ ತಪ್ಪು ಹುಡುಕಿ, ಸೂಜಿ ಹಾಕಿ ಸರಿಪಡಿಸಬೇಕು. ತಮ್ಮ ಶಾಲೆಯನ್ನು ನುಂಗಿದ ಕಂಪ್ಯೂಟರಿನ ಹೊಟ್ಟೆಯೊಳಗೇ ಹೊಕ್ಕು ಅದರ ತಪ್ಪುಗಳನ್ನು ಎತ್ತಿ ಎತ್ತಿ ತೋರಿಸುವುದೆಂದರೆ! ಅತ್ತೆ ಮಂಡಿನೋವನ್ನೇ ಮರೆತರು. ಬೇಸಗೆ ಮುಗಿಯುವುದರೊಳಗೆ ತೇಪೆಲೋಕದಲ್ಲಿ ಒಂದು ತಪ್ಪೂ ಉಳಿಯಲಿಲ್ಲ. ಉಳಿದವಳು ಸೊಸೆ ಒಬ್ಬಳೇ. ಆಟದ ಎರಡನೇ ಭಾಗ ಬರುವವರೆಗೆ ಅತ್ತೆ ಅವಳನ್ನೇ ಸರಿಪಡಿಸುತ್ತ ಕಾಲ ಕಳೆದರು.

ಸೊಸೆ ಯಾವ ಕಂಪನಿಯ ದೂರಿಗೆ ಉತ್ತರ ಬರೆಯುತ್ತಾಳೆಂದು ಅತ್ತೆ ಎಂದೂ ಕೇಳಿದವರಲ್ಲ. 'ಅದೇನೋ ಫ್ರಿಜ್ಜಿನ ಆಫೀಸು' ಎಂಬಲ್ಲಿಗೆ ಅವರ ಕುತೂಹಲ ಮುಗಿದಿತ್ತು. ಅತ್ತೆ ಬಾಗಿಲು ಹಾಕಿಕೊಂಡು ಟಕಟಕ ಎಂದು ಏನು ಆಡುತ್ತಾರೆಂದು ಸೊಸೆಯೂ ಇಣುಕಿ ನೋಡಿದವಳಲ್ಲ. ಅವರು ಒಳಗಿರುವಷ್ಟು ಹೊತ್ತು ಹೊರಗೆ ನೆಮ್ಮದಿ, ಅಷ್ಟು ಸಾಕಿತ್ತು ಅವಳಿಗೆ.

ತೇಪೆಲೋಕ ಮಾಡಿದವರು ಇದ್ದದ್ದು ಅವಳ ಕಚೇರಿಯ ಮೇಲಿನ ಮಹಡಿಯಲ್ಲೇ. ಮಾಲೀಕ ಇನ್ನೂ ಮೀಸೆ ಸರಿಯಾಗಿ ದಟ್ಟವಾಗದ ಯುವಕ. ಕೆಲಸಗಾರರನ್ನು 'ನನ್ನ ಕುಟುಂಬ' ಎಂದು ಕರೆಯುತ್ತಿದ್ದ, ಕುಟುಂಬದವರಿಗೆ ರಜೆ ಯಾಕೆ ಎಂದೂ ಕೇಳುತ್ತಿದ್ದ. ಮೊದಲ ಭಾಗ ಹೆಸರು ಮಾಡಿದ್ದೇ ತಡ, ಎರಡನೇ ಭಾಗದ ಬಿಡುಗಡೆಯ ತಾರೀಖನ್ನು ಊರಿಗೆಲ್ಲ ಸಾರಿಬಿಟ್ಟ. ಆಟವನ್ನು ಆಮೇಲೆ ಮಾಡಲು ಕುಳಿತರು. ಹಾಗೆ ತರಾತುರಿಯಲ್ಲಿ ಬಂದ 'ತೇಪೆಲೋಕ - ಎರಡು' ನಿಜಕ್ಕೂ ತಪ್ಪುಗಳ ಕಣಜವಾಗಿತ್ತು. ಆಡುವವರು ಸರಿಪಡಿಸಲೆಂದು ಬೇಕೆಂದೇ ಇಟ್ಟ ತಪ್ಪು ಯಾವುದು, ತಮಗೇ ತಿಳಿಯದೆ ಆದ ತಪ್ಪು ಯಾವುದು ಎಂದು ಮಾಡಿದವರಿಗೇ ಗುರುತು ಹತ್ತಲಿಲ್ಲ. ಗೊಂಬೆ ನಡೆಯುತ್ತ ನಡೆಯುತ್ತ ಸೊಂಟದವರೆಗೆ ನೆಲದಲ್ಲಿ ಹೂತುಹೋಗುತ್ತಿತ್ತು. ಊರಿನ ಮೇಯರ್‌ಗೆ ಹಲ್ಲು ಇತ್ತು, ಮುಖ ಇರಲಿಲ್ಲ. ಬೈಗುಳದ ಮಳೆ ಶುರುವಾದಾಗ ಮಾಲೀಕ ಮೆಟ್ಟಿಲಿಳಿದು ಬಂದು ಬೈಸಿಕೊಳ್ಳುವ ಗುತ್ತಿಗೆಯನ್ನು ಎರಡನೇ ಮಹಡಿಗೆ ಕೊಟ್ಟ. ಎರಡನೇ ಮಹಡಿಯವರು ಅದನ್ನು ಕ್ಷಮಿಸಿ ಮೇಡಂಗೆ ಕೊಟ್ಟರು.

ಬಂದ ದೂರುಗಳಲ್ಲಿ ಒಂದು ಮಾತ್ರ ಬೇರೆ ಥರ ಇತ್ತು. ಬರೆದವರು ಆಟದಲ್ಲಿ ಇಟ್ಟುಕೊಂಡಿದ್ದ ಹೆಸರು 'ಕೆಂಪು ಶಾಯಿ'.

'ಮಾನ್ಯರೇ, ಈ ಮೂಲಕ ತಮ್ಮ ಗಮನಕ್ಕೆ ತರುವುದೇನೆಂದರೆ, ಗಡಿಯಾರದ ಬೀದಿಯ ಕೊನೆಯ ಮನೆಯ ಹಸಿರು ಬಾಗಿಲು ತೆರೆಯುತ್ತಿಲ್ಲ. ಸೂಜಿ ಹಾಕಿದರೆ ಸೂಜಿಯೇ ಮುರಿಯುತ್ತದೆ. ಇದು ತಮ್ಮಂಥ ಸಂಸ್ಥೆಗೆ ಶೋಭೆ ತರುವ ಸಂಗತಿಯಲ್ಲ. ಇಂತಿ ತಮ್ಮ ವಿಶ್ವಾಸಿ.'

ಕ್ಷಮಿಸಿ ಮೇಡಂ ಕುರ್ಚಿಯನ್ನು ಮುಂದೆಳೆದುಕೊಂಡು, ತನ್ನ ಕಲೆಯನ್ನೆಲ್ಲ ಧಾರೆಯೆರೆದು ಕ್ಷಮೆ ಕೇಳಿ, ಕೊನೆಗೆ 'ಇಂತಿ ತಮ್ಮ ವಿಧೇಯಳು' ಎಂದು ಸೇರಿಸಿದಳು. ಮರುದಿನವೇ ಉತ್ತರ ಬಂತು. 'ತಮ್ಮ ಬರಹದಲ್ಲಿ ಹುಡುಕಿದರೂ ಒಂದು ಅಕ್ಷರದೋಷ ಸಿಗಲಿಲ್ಲ. ಈ ಕಾಲದಲ್ಲಿ ಇಂಥ ವಿನಯ ಅಪರೂಪ. ತಮ್ಮ ತಂದೆತಾಯಿ ಪುಣ್ಯವಂತರು.' ಇಷ್ಟು ವರ್ಷಗಳಲ್ಲಿ ಯಾರೂ ಅವಳಿಗೆ ಹೀಗೆ ಬರೆದಿರಲಿಲ್ಲ. ಅವಳು ಅದನ್ನು ಮತ್ತೆ ಮತ್ತೆ ಓದಿದಳು. ಬರೆದವರು ಬೂದು ಬಣ್ಣದ ಕೋಟು ಹಾಕುವ, ಹೆಂಡತಿ ತೀರಿಕೊಂಡ, ನಿವೃತ್ತ ಪ್ರೊಫೆಸರರೇ ಇರಬೇಕೆಂದು ಮನಸ್ಸಿನಲ್ಲೇ ಕಲ್ಪಿಸಿಕೊಂಡಳು. ಸ್ವಲ್ಪ ಬೇಕಾದ್ದಕ್ಕಿಂತ ಚೆನ್ನಾಗಿಯೇ ಕಲ್ಪಿಸಿಕೊಂಡಳು.

ಆ ಸುಖ ಹೆಚ್ಚು ದಿನ ನಿಲ್ಲಲಿಲ್ಲ. ಒಂದು ಬೆಳಿಗ್ಗೆ ಮಾಲೀಕ ಬಂದು ಅವಳ ಮೇಜಿನ ತುದಿಯಲ್ಲೇ ಕೂತ.

"ಮೇಡಂ, ಇನ್ಮೇಲೆ ಯಾರಿಗೂ ಕ್ಷಮಿಸಿ ಅನ್ನೋ ಹಾಗಿಲ್ಲ."

"ಮತ್ತೆ ಏನನ್ನೋದು ಸಾರ್?"

"ಅಭಿನಂದನೆ ಅನ್ನಿ. ಇದು ತಪ್ಪು ಹುಡುಕೋ ಆಟ ತಾನೆ? ತಪ್ಪು ಸಿಕ್ತು ಅಂದ್ರೆ ಅವರು ಗೆದ್ದ ಹಾಗೆ. ಗೆದ್ದವರ ಹತ್ರ ಯಾರಾದ್ರೂ ಕ್ಷಮೆ ಕೇಳ್ತಾರಾ?"

"ಆದ್ರೆ ಸಾರ್, ಆ ಹಸಿರು ಬಾಗಿಲು ತೆಗೆಯೋಕೇ ಆಗಲ್ಲ ಅಂತ ನಿಮ್ಮ ಪ್ರೋಗ್ರಾಮರೇ ಹೇಳಿದ್ರು. ಅದು ಬಾಗಿಲೇ ಅಲ್ವಂತೆ. ಟೈಮಿಲ್ಲ ಅಂತ ಗೋಡೆಗೆ ಬಾಗಿಲಿನ ಚಿತ್ರ ಅಂಟಿಸಿದ್ರಂತೆ."

"ಅದನ್ನೆಲ್ಲ ಯಾಕೆ ಹೇಳೋಕೆ ಹೋಗ್ತೀರಿ? ಪ್ರಯತ್ನ ಮುಂದುವರಿಸಿ ಅನ್ನಿ. ಜನಕ್ಕೆ ಪ್ರಯತ್ನ ಮಾಡೋದು ಅಂದ್ರೆ ಇಷ್ಟ."

ಅಡುಗೆಯವಳ ಕೈಯಿಂದ ಉಪ್ಪಿನ ಡಬ್ಬಿ ಕಿತ್ತುಕೊಂಡಂತಾಯಿತು. ಆದರೂ ಸಂಬಳ ಕೊಡುವವರು ಹೇಳಿದ ಮೇಲೆ ಮುಗಿಯಿತು. ಹೂತುಹೋದವರಿಗೆ, ಮುಖವಿಲ್ಲದ ಮೇಯರ್‌ನನ್ನು ಕಂಡು ಹೆದರಿದವರಿಗೆ, ಎಲ್ಲರಿಗೂ ಒಂದೇ ಉಸಿರಿಗೆ 'ಅಭಿನಂದನೆಗಳು! ತಾವೊಂದು ಗುಪ್ತ ದೋಷವನ್ನು ಪತ್ತೆಹಚ್ಚಿದ್ದೀರಿ' ಎಂದು ಬರೆದು ಬಿಸಾಕಿದಳು. ಆಶ್ಚರ್ಯವೆಂದರೆ ಜನ ಖುಷಿಪಟ್ಟರು. ಬೈಯಲು ಬಂದವರೆಲ್ಲ ತಮ್ಮ ಜಾಣತನಕ್ಕೆ ತಾವೇ ಮರುಳಾಗಿ, ಇನ್ನೊಂದು ತಪ್ಪು ಹುಡುಕಿ ತರುತ್ತೇವೆಂದು ಓಡಿದರು. ಪ್ರೋಗ್ರಾಮರುಗಳು ರಿಪೇರಿ ಕೆಲಸ ನಿಲ್ಲಿಸಿ ಕೇರಂ ಆಡತೊಡಗಿದರು.

ಅದೇ ವಾರ ಮನೆಯಲ್ಲಿ ಸ್ವೆಟರಿನ ಪ್ರಕರಣ ನಡೆಯಿತು. ಸೊಸೆ ಅತ್ತೆಯ ಬಿಳಿ ಸ್ವೆಟರನ್ನು ಗಂಡನ ನೀಲಿ ಸಮವಸ್ತ್ರದ ಜೊತೆಗೇ ಒಗೆಯುವ ಯಂತ್ರಕ್ಕೆ ಹಾಕಿದ್ದಳು. ಅತ್ತೆ ಅದನ್ನು ಹಗ್ಗದಿಂದ ಎಳೆದುಕೊಂಡು ಬಂದು ಅವಳ ಮುಖದ ಮುಂದೆ ಹಿಡಿದರು.

"ಏನಿದು?"

"ಸ್ವೆಟರ್."

"ನಿನ್ನೆವರೆಗೂ ಬೆಳ್ಳಗಿತ್ತು."

"ನೀಲಿ ನಿಮಗೆ ಒಪ್ಪುತ್ತೆ ಅತ್ತೆ. ಬಿಳಿ ಹಾಕ್ಕೊಂಡ್ರೆ ಆಸ್ಪತ್ರೆಯಿಂದ ಎದ್ದು ಬಂದ ಹಾಗೆ ಕಾಣ್ತೀರಿ."

"ತಪ್ಪಾಯ್ತು ಅಂದ್ರೆ ನಿನ್ನ ನಾಲಿಗೆ ಸವೆದುಹೋಗುತ್ತಾ?" ಅತ್ತೆ ಮಗನ ಕಡೆ ತಿರುಗಿದರು. "ನೀನಾದ್ರೂ ಹೇಳೋ."

"ಹೌದಮ್ಮ, ಬಿಳಿ ಚೆನ್ನಾಗಿತ್ತು. ನೀಲೀನೂ ಪರವಾಗಿಲ್ಲ," ಎಂದ ಗಂಡ, ಶೂ ಕೈಯಲ್ಲೇ ಹಿಡಿದು ಬರಿಗಾಲಲ್ಲಿ ಮೆಟ್ಟಿಲಿಳಿದು ಹೋದ.

ಕಚೇರಿಗೆ ಬಂದು ಪರದೆ ತೆರೆದರೆ ಕೆಂಪು ಶಾಯಿಯ ಪತ್ರ ಕಾದಿತ್ತು.

'ಮಾನ್ಯರೇ, ಇಂದು ಆಟದ ಬಗ್ಗೆ ಬರೆಯುತ್ತಿಲ್ಲ, ಮನ್ನಿಸಬೇಕು. ನನಗೊಬ್ಬಳು ಸೊಸೆ ಇದ್ದಾಳೆ. ನನ್ನ ಬಿಳಿ ಸ್ವೆಟರನ್ನು ನೀಲಿ ಮಾಡಿಟ್ಟು, ನೀಲಿ ನನಗೆ ಒಪ್ಪುತ್ತದೆಂದು ನನಗೇ ಬುದ್ಧಿ ಹೇಳುತ್ತಾಳೆ. ಆ ಗಳಿಗೆಯಲ್ಲಿ ತಮ್ಮ ನೆನಪಾಯಿತು. ತಮ್ಮದಲ್ಲದ ತಪ್ಪಿಗೂ ತಾವು ಎಷ್ಟು ಅಂದವಾಗಿ ಕ್ಷಮೆ ಕೇಳುತ್ತೀರಿ! ತಮ್ಮಂಥ ಹೆಣ್ಣುಮಗಳು ನಮ್ಮ ಮನೆಗೆ ಬಂದಿದ್ದರೆ ಎಂದು ಒಂದು ಕ್ಷಣ ಆಸೆಯಾಯಿತು.'

ನಿವೃತ್ತ ಪ್ರೊಫೆಸರರು ಕೋಟಿನ ಸಮೇತ ಮಾಯವಾದರು. ಅವರು ಕೂತಿದ್ದ ಜಾಗದಲ್ಲಿ ನೀಲಿ ಸ್ವೆಟರ್ ಹಿಡಿದ ಅತ್ತೆ ಬಂದು ನಿಂತರು. ಕ್ಷಮಿಸಿ ಮೇಡಂಗೆ ಮೊದಲು ಕಿವಿ ಬಿಸಿಯಾಯಿತು, ಆಮೇಲೆ ನಗು ಬಂತು, ನಗು ಮುಗಿದ ಮೇಲೆ ಹೊಟ್ಟೆಯೊಳಗೆ ಸಣ್ಣಗೆ ಉರಿಯಿತು. ತನ್ನನ್ನು ತನ್ನ ಜೊತೆಗೇ ಹೋಲಿಸಿ ತನ್ನನ್ನೇ ಹೀಗಳೆದಿದ್ದರು! ಇದಕ್ಕೆ ಯಾರ ಮೇಲೆ ಹೊಟ್ಟೆಕಿಚ್ಚು ಪಡುವುದು? ಪಕ್ಕದ ಮೇಜಿನವಳು ಏನಾಯ್ತು ಎಂದು ಕೇಳಿದರೆ, ಏನಿಲ್ಲ ಎಂದು ಕೀಲಿಮಣೆ ಎಳೆದುಕೊಂಡಳು.

'ಅಭಿನಂದನೆಗಳು! ಹಸಿರು ಬಾಗಿಲಿನ ಗುಟ್ಟನ್ನು ತಮ್ಮಂಥ ಹಿರಿಯರಿಗೆ ಮಾತ್ರ ತಿಳಿಸುತ್ತಿದ್ದೇವೆ. ಈ ಬಾಗಿಲು ಅಹಂಕಾರವಿರುವವರಿಗೆ ತೆರೆಯುವುದಿಲ್ಲ. ತೇಪೆಗಾರನು ಅದರ ಮುಂದೆ ನಿಂತು ಬಸ್ಕಿ ಹೊಡೆಯಬೇಕು. ಎಷ್ಟು ಬಸ್ಕಿ ಎಂಬುದು ಆಡುವವರ ಅಹಂಕಾರವನ್ನು ಅವಲಂಬಿಸಿರುತ್ತದೆ. ತಮ್ಮ ಸೊಸೆಯವರ ವಿಷಯ ಓದಿ ಮರುಕವಾಯಿತು. ಆದರೂ ನೀಲಿ ಬಣ್ಣ ಹಿರಿಯರ ಮುಖಕ್ಕೆ ಕಳೆ ತರುತ್ತದೆಂದು ನಾನೂ ಕೇಳಿದ್ದೇನೆ.'

ಆ ಸಂಜೆ ಅವಳು ಮನೆಗೆ ಬಂದವಳೇ ಚಪ್ಪಲಿ ಬಿಟ್ಟು ನೇರ ಅತ್ತೆಯ ಕೋಣೆಯ ಕಡೆ ನಡೆದಳು. ಬಾಗಿಲು ಬೆರಳಿನಷ್ಟು ತೆರೆದಿತ್ತು. ಪರದೆಯ ಮೇಲೆ ಹಸಿರು ಬಾಗಿಲು, ಅದರ ಮುಂದೆ ಕೂತು ಏಳುತ್ತ, ಕೂತು ಏಳುತ್ತ ಪುಟ್ಟ ಗೊಂಬೆ. ಅತ್ತೆ ಟೈಪಿಂಗ್ ಪರೀಕ್ಷೆಗೆ ಕೂತವರ ಹಾಗೆ ಬೆನ್ನು ನೆಟ್ಟಗಿಟ್ಟುಕೊಂಡು, ಒಂದೇ ಲಯದಲ್ಲಿ ಕೀಲಿ ಒತ್ತುತ್ತಿದ್ದರು. ಸೊಸೆ ಅಡುಗೆಮನೆಗೆ ಹೋಗಿ ಟೀ ಮಾಡಿಕೊಂಡು, ಆ ಟಕಟಕ ಕೇಳುತ್ತ, ಚಪ್ಪರಿಸಿ ಚಪ್ಪರಿಸಿ ಕುಡಿದಳು. ಅಷ್ಟು ರುಚಿಯಾದ ಟೀ ಆ ಮನೆಯಲ್ಲಿ ಅವಳು ಕುಡಿದೇ ಇರಲಿಲ್ಲ.

ಅತ್ತೆಗೆ ಗುಟ್ಟು ಇಟ್ಟುಕೊಳ್ಳುವ ಅಭ್ಯಾಸವಿರಲಿಲ್ಲ, ಬೇರೆಯವರಿಗೆ ಕಲಿಸುವ ಅಭ್ಯಾಸವಿತ್ತು. ಆಡುವವರೆಲ್ಲ ಹರಟುವ ಜಾಗದಲ್ಲಿ ಅವರು ಬಸ್ಕಿಯ ಸರಿಯಾದ ವಿಧಾನವನ್ನು ವಿವರವಾಗಿ ಬರೆದರು. ತಿಂಗಳು ಕಳೆಯುವಷ್ಟರಲ್ಲಿ ಎಲ್ಲೆಲ್ಲಿಯದೋ ಸಾವಿರಾರು ಗೊಂಬೆಗಳು ಆ ಗೋಡೆಯ ಮುಂದೆ ಬಸ್ಕಿ ಹೊಡೆಯುತ್ತಿದ್ದವು. ಒಬ್ಬ ಯುವಕ ಉದ್ದನೆಯ ವಿಡಿಯೊ ಮಾಡಿ, ಮುಚ್ಚಿದ ಬಾಗಿಲೆಂದರೆ ನಮ್ಮ ಕಾಲದ ಮನಸ್ಸು, ಬಸ್ಕಿಯೆಂದರೆ ಆತ್ಮಶೋಧನೆ ಎಂದು ಬಿಡಿಸಿ ಹೇಳಿದ. ಒಂದು ಪತ್ರಿಕೆ 'ವಿನಯ ಕಲಿಸುವ ಆಟ' ಎಂದು ಅರ್ಧ ಪುಟ ಬರೆಯಿತು. ಚಿತ್ರ ಅಂಟಿಸಿದ್ದ ಪ್ರೋಗ್ರಾಮರ್ ಅದನ್ನು ಓದಿ, ತನ್ನೊಳಗೆ ಇಷ್ಟು ಆಳವಿದೆಯೆಂದು ತನಗೇ ಗೊತ್ತಿರಲಿಲ್ಲ ಎಂದ. ಮಾಲೀಕ ಕುಟುಂಬಕ್ಕೆಲ್ಲ ಕೇಕು ಹಂಚಿದ, ರಜೆ ಮಾತ್ರ ಕೊಡಲಿಲ್ಲ.

ಕೆಂಪು ಶಾಯಿಯ ಪತ್ರಗಳು ಬರುತ್ತಲೇ ಇದ್ದವು. ಆಟದ ಮಾತು ಕಡಿಮೆಯಾಗಿ ಬೇರೆ ಮಾತು ಹೆಚ್ಚಾಗುತ್ತ ಬಂತು. ಸೊಸೆ ಒದ್ದೆ ಮೇಜಿನ ಮೇಲೆ ಪೇಪರ್ ಇಡುತ್ತಾಳೆ. ಸೊಸೆ ನಲ್ಲಿಯನ್ನು ಪೂರ್ತಿ ತಿರುಗಿಸುವುದಿಲ್ಲ. ಇವಳೂ ಬಿಡಲಿಲ್ಲ, 'ಅಭಿನಂದನೆಗಳು, ತಾವೊಂದು ಗುಪ್ತ ದೋಷವನ್ನು ಪತ್ತೆಹಚ್ಚಿದ್ದೀರಿ' ಎಂದು ಉತ್ತರಿಸಿ, ಇನ್ನೂ ಕೊಂಚ ಬಗ್ಗಿ ಬಸ್ಕಿ ಹೊಡೆಯಿರಿ ಎಂದು ಸಲಹೆ ಕೊಡುತ್ತಿದ್ದಳು. ಆಮೇಲೊಂದು ದಿನ ಈ ಪತ್ರ ಬಂತು.

'ಮಾನ್ಯರೇ, ನನ್ನ ಶಾಲೆ ಮುಚ್ಚಿದ ದಿನ ಗುಜರಿಯವನು ಯಂತ್ರಗಳನ್ನು ತೂಕಕ್ಕೆ ಹಾಕಿದ. ಅಕ್ಷರದ ಕೀಲಿಗಳು ಅಕ್ಕಿಯಿಂದ ಆರಿಸಿ ಎಸೆದ ಕಲ್ಲಿನಂತೆ ಉದುರಿದವು. ಯಾರೂ ನನಗೆ ಬೇಜಾರಾಯ್ತಾ ಎಂದು ಕೇಳಲಿಲ್ಲ. ಈಗ ದಿನಾ ಯಾರೋ ಒಬ್ಬರು ನಾನು ಬರೆದದ್ದನ್ನು ಪೂರ್ತಿ ಓದಿ, ನೀನು ಸರಿ ಎಂದು ಹೇಳುತ್ತಾರೆ. ಈ ವಯಸ್ಸಿಗೆ ಅದು ಸಣ್ಣ ವಿಷಯವಲ್ಲ.'

ಅದಕ್ಕೆ ಅವಳು ಅಭಿನಂದನೆ ಬರೆಯದೆ ಪರದೆ ಮುಚ್ಚಿದಳು. ಸಂಜೆ ಮನೆಯಲ್ಲಿ ಗಂಡ ಅಮ್ಮನ ತೋರುಬೆರಳಿಗೆ ಮುಲಾಮು ಹಚ್ಚುತ್ತಿದ್ದ. ಬೆರಳು ಊದಿ ಕೆಂಪಗಾಗಿತ್ತು. ಏನಾಯಿತೆಂದು ಸೊಸೆ ಕೇಳಲಿಲ್ಲ. ಏನಾಯಿತೆಂದು ಅವಳಿಗೆ ಗೊತ್ತಿತ್ತು. ಮರುದಿನ ಕಚೇರಿಯಲ್ಲಿ ಯಾರೂ ನೋಡದ ಹಾಗೆ ಬರೆದಳು: 'ಮಾನ್ಯರೇ, ನಿಜ ಹೇಳುತ್ತೇನೆ. ಅದು ಬಾಗಿಲಲ್ಲ, ಬರೀ ಚಿತ್ರ. ದಯವಿಟ್ಟು ಬಸ್ಕಿ ನಿಲ್ಲಿಸಿ, ಬೆರಳಿಗೆ ವಿಶ್ರಾಂತಿ ಕೊಡಿ.'

ಉತ್ತರ ತಕ್ಷಣ ಬಂತು. 'ತಾವು ನನ್ನನ್ನು ಪರೀಕ್ಷೆ ಮಾಡುತ್ತಿದ್ದೀರೆಂದು ತಿಳಿಯದಷ್ಟು ದಡ್ಡಿ ನಾನಲ್ಲ. ನಾನೂ ಶಾಲೆಯಲ್ಲಿ ಹೀಗೇ ಮಾಡುತ್ತಿದ್ದೆ. ನಿನ್ನ ಕೈಲಾಗಲ್ಲ, ಎದ್ದು ಹೋಗು ಎಂದರೆ ನಿಜವಾದ ವಿದ್ಯಾರ್ಥಿ ಎದ್ದು ಹೋಗುವುದಿಲ್ಲ. ಇಂದು ಎರಡು ಪಟ್ಟು ಹೊಡೆಯುತ್ತೇನೆ.'

ಸುಳ್ಳು ಹೇಳಿದಾಗ ನಂಬಿದವರು ನಿಜ ಹೇಳಿದರೆ ನಂಬಲೊಲ್ಲರು. ಬೇರೆ ದಾರಿ ಕಾಣದೆ ಅವಳು ಮೆಟ್ಟಿಲು ಹತ್ತಿ ಮೇಲಿನ ಮಹಡಿಗೆ ಹೋದಳು. ಪ್ರೋಗ್ರಾಮರ್ ಕೇರಂ ಮಣೆಯ ಮೇಲೆ ಬಗ್ಗಿದ್ದ.

"ಆ ಬಾಗಿಲು ತೆಗೀರಿ."

"ಯಾವ ಬಾಗಿಲು ಮೇಡಂ? ಹಿಂದೆ ಏನೂ ಇಲ್ಲ. ಗೋಡೆ."

"ಹಾಗಾದ್ರೆ ಏನಾದ್ರೂ ಇಡಿ. ಪಾಪ, ಬೆರಳು ಊದಿಸಿಕೊಂಡು ಕೂತಿದ್ದಾರೆ."

"ಯಾರು?"

"ಜನ," ಎಂದಳು ಅವಳು.

ಅಷ್ಟರಲ್ಲಿ ಮಾಲೀಕ ಬಂದ. ಅವನಿಗೂ ಬಾಗಿಲು ತೆರೆಯುವ ಯೋಚನೆ ಬಂದಿತ್ತು, ಬೆರಳಿನ ಮರುಕದಿಂದಲ್ಲ, ಪತ್ರಿಕೆಯಲ್ಲಿ ಇನ್ನರ್ಧ ಪುಟ ಸಿಗಲಿ ಎಂದು. "ಅತಿ ಹೆಚ್ಚು ಬಸ್ಕಿ ಹೊಡೆದವರಿಗೆ ಮೊದಲು ತೆಗೆಯೋ ಹಾಗೆ ಮಾಡಿ," ಎಂದ. "ಒಳಗೆ ಏನಿಡೋದು ಸಾರ್?" ಎಂದರೆ, "ಖಾಲಿ ಕೋಣೆ ಇಡು. ಅರ್ಥ ಜನರೇ ಹುಡುಕ್ಕೋತಾರೆ," ಎಂದ.

ಭಾನುವಾರ ಮಧ್ಯಾಹ್ನ ಅತ್ತೆಯ ಕೋಣೆಯಿಂದ ಕಿರುಚಿದ ಸದ್ದು ಕೇಳಿ ಗಂಡ ಹೆಂಡತಿ ಇಬ್ಬರೂ ಓಡಿದರು. ಅತ್ತೆ ಊರುಗೋಲಿಲ್ಲದೆ ಎದ್ದು ನಿಂತಿದ್ದರು. "ತೆಗೀತು!" ಎಂದರು. ಪರದೆಯ ಮೇಲೆ ನಾಲ್ಕು ಬಿಳಿ ಗೋಡೆಗಳಿದ್ದವು. ಆ ಸಂಭ್ರಮದಲ್ಲಿ ಅವರು ಡಬ್ಬಿ ತೆರೆದು ಮಗನಿಗೊಂದು, ಸೊಸೆಗೊಂದು ಬಿಸ್ಕತ್ತು ಕೊಟ್ಟುಬಿಟ್ಟರು. ಸೊಸೆಗೂ ಕೊಟ್ಟದ್ದು ಆಮೇಲೆ ಅರಿವಿಗೆ ಬಂದು ಮುಖ ಬಿಗಿದುಕೊಂಡರು.

ಮೊದಲು ಬಾಗಿಲು ತೆರೆದವರಿಗೆ ಕಂಪನಿಯಲ್ಲಿ ಸನ್ಮಾನ ಎಂದು ಮಾಲೀಕ ಘೋಷಿಸಿದ. ಕ್ಷಮಿಸಿ ಮೇಡಂ ಆ ದಿನ ತಲೆನೋವು ಎಂದಳು, ಹಲ್ಲುನೋವು ಎಂದಳು. "ಕುಟುಂಬದ ಕಾರ್ಯಕ್ರಮ ಮೇಡಂ, ಅವರಿಗೆ ದಾರಿ ತೋರಿಸಿದವರೇ ನೀವು. ಬಹುಮಾನ ನಿಮ್ಮ ಕೈಯಿಂದಲೇ," ಎಂದ ಮಾಲೀಕ. ಅತ್ತೆ ಮನೆಯಲ್ಲಿ 'ನನಗೊಂದು ಸಮಾರಂಭ ಇದೆ' ಎಂದಷ್ಟೇ ಹೇಳಿ, ಎಲ್ಲಿ ಏನು ಎಂದು ಬಾಯಿ ಬಿಡಲಿಲ್ಲ. ಸೊಸೆಯೂ ಕೇಳಲಿಲ್ಲ.

ಮೇಲಿನ ಮಹಡಿಯಲ್ಲಿ ಕುರ್ಚಿ ಹಾಕಿ, ಬಲೂನು ಕಟ್ಟಿ, ಇಬ್ಬರು ವರದಿಗಾರರನ್ನೂ ಕೂರಿಸಿದ್ದರು. ಅತ್ತೆ ಬಂದರು. ಮೈಮೇಲೆ ಆ ನೀಲಿ ಸ್ವೆಟರ್. ಕಂಪನಿಯ ವಿನಯವಂತ ಹೆಣ್ಣುಮಗಳು ನೀಲಿ ಕಳೆ ತರುತ್ತದೆಂದು ಬರೆದಿದ್ದಳಲ್ಲ, ಅವಳ ಮಾತು ತೆಗೆದುಹಾಕುವುದುಂಟೇ? ಮಾಲೀಕ ಮೈಕು ಹಿಡಿದು, "ಇವರೇ ನಮ್ಮ ಕೆಂಪು ಶಾಯಿ! ಮತ್ತೆ ಇವರಿಗೆ ದಿನಾ ಉತ್ತರ ಬರೀತಿದ್ದ ನಮ್ಮ ಮೇಡಂ, ಇಲ್ಲಿದ್ದಾರೆ ನೋಡಿ," ಎಂದು ಬಲೂನಿನ ಹಿಂದೆ ನಿಂತಿದ್ದವಳನ್ನು ಕೈ ಹಿಡಿದು ಎಳೆದ.

ಅತ್ತೆ ಕನ್ನಡಕ ಕೆಳಗಿಳಿಸಿ ಅವಳನ್ನು ತಲೆಯಿಂದ ಕಾಲಿನವರೆಗೆ ನೋಡಿದರು. ಮತ್ತೆ ಕಾಲಿನಿಂದ ತಲೆಯವರೆಗೆ ನೋಡಿದರು. ಅವಳ ಕೈಯಲ್ಲಿ ಬಹುಮಾನದ ಟೋಪಿ, ಅದರ ಮೇಲೆ 'ತೇಪೆಗಾರ' ಎಂದು ಬರೆದಿತ್ತು.

"ಇವಳಾ?" ಎಂದರು ಅತ್ತೆ. ಒಂದು ಕ್ಷಣ ತಡೆದು, ಸಭೆಯ ಕಡೆ ತಿರುಗಿ, "ಇವರಾ?" ಎಂದು ತಿದ್ದಿಕೊಂಡರು.

ಸೊಸೆ ಟೋಪಿ ತೊಡಿಸಿದಳು. ಅತ್ತೆಗೆ ಎರಡು ಮಾತಾಡಲು ಮೈಕು ಕೊಟ್ಟರು.

"ಈ ಮೇಡಂ ತುಂಬ ವಿನಯವಂತರು," ಎಂದು ಅತ್ತೆ ಶುರುಮಾಡಿದರು. "ತಮ್ಮದಲ್ಲದ ತಪ್ಪಿಗೂ ಕ್ಷಮೆ ಕೇಳಿದ್ದಾರೆ. ನಮ್ಮನೇಲೂ ಒಬ್ಬಳು ಸೊಸೆ ಇದ್ದಾಳೆ, ಬಾಯಿ ತೆಗೆದ್ರೆ ಕ್ಷಮೆ ಬಿಟ್ಟು ಬಾಕಿ ಎಲ್ಲ ಬರುತ್ತೆ. ಅವಳನ್ನ ಸ್ವಲ್ಪ ದಿನ ಇವರ ಹತ್ರ ತರಬೇತಿಗೆ ಕಳಿಸೋಣ ಅಂತಿದ್ದೀನಿ. ಕಲಿಸ್ತೀರಾ ಮೇಡಂ?"

ಸಭೆ ಗೊಳ್ಳೆಂದು ನಕ್ಕಿತು. ಸೊಸೆ ಮೈಕಿನ ಹತ್ತಿರ ಬಂದಳು. ದೂರು ಬರೆದವರೊಡನೆ ಮಾತಾಡುವ ಅವಳ ಆ ನಯವಾದ ದನಿ ತಾನಾಗಿಯೇ ಬಂತು.

"ಖಂಡಿತ ಮೇಡಂ. ಅವಳ ಜೊತೇಲಿ ಅವಳ ಅತ್ತೇನೂ ಕಳಿಸಿ. ಇಬ್ಬರಿಗೂ ಒಟ್ಟಿಗೆ ಹೇಳಿಕೊಟ್ರೆ ನಮಗೆ ಕೆಲಸ ಹಗುರ."

ಸಭೆ ಇನ್ನೂ ಜೋರಾಗಿ ನಕ್ಕಿತು. ವರದಿಗಾರರು ಬರೆದುಕೊಂಡರು. ಅತ್ತೆ ಸೊಸೆ ಭುಜಕ್ಕೆ ಭುಜ ತಾಗಿಸಿ, ಹಲ್ಲು ಕಚ್ಚಿ ನಗುತ್ತ ಫೋಟೊಗೆ ನಿಂತರು. ಆಗ ಪ್ರೋಗ್ರಾಮರ್ ಹತ್ತಿರ ಬಂದು, ಖಾಲಿ ಕೋಣೆಗೆ ಏನು ಅರ್ಥ ಹೇಳುತ್ತೀರಿ ಎಂದು ಅತ್ತೆಯನ್ನು ಭಕ್ತಿಯಿಂದ ಕೇಳಿದ. "ಅರ್ಥ ಏನು ಬಂತು? ಕೋಣೆಗೆ ಸಾಮಾನು ಹಾಕೋಕೆ ನಿಮಗೆ ಸೋಮಾರಿತನ," ಎಂದರು ಅತ್ತೆ. ಅವನು ಅದನ್ನೂ ಆಳವಾದ ಮಾತೆಂದು ತಲೆದೂಗಿದ.

ಮನೆಗೆ ಹೋಗುವ ಬಸ್ಸಿನಲ್ಲಿ ಇಬ್ಬರಿಗೂ ಒಂದೇ ಸೀಟು ಸಿಕ್ಕಿತು. ಅತ್ತೆ ಟೋಪಿಯನ್ನು ಮಡಿಲಲ್ಲಿಟ್ಟುಕೊಂಡು ಕಿಟಕಿ ನೋಡುತ್ತಿದ್ದರು.

"ಬಸ್ಕಿ ಯಾರ ತಲೇಲಿ ಹೊಳೆದದ್ದು?"

"ನನ್ನ ತಲೇಲೇ."

"ಮಂಡಿ ಆಪರೇಷನ್ ಆಗಿರೋಳ ಕೈಲಿ ಬಸ್ಕಿ."

"ಬಸ್ಕಿ ಹೊಡೆದದ್ದು ಗೊಂಬೆ ಅತ್ತೆ."

"ಬೆರಳು ನಂದು ತಾನೆ?" ಅತ್ತೆ ಬೆರಳನ್ನು ಅವಳ ಮೂಗಿನ ನೇರಕ್ಕೆ ಹಿಡಿದರು. ಊತ ಇಳಿದಿತ್ತು, ಕೀಲಿ ಒತ್ತಿದ ಜಾಗ ಮಾತ್ರ ಗಟ್ಟಿಯಾಗಿತ್ತು. "ಈಗಲಾದ್ರೂ ತಪ್ಪಾಯ್ತು ಅನ್ನು."

ಸೊಸೆ ಬಾಯಿ ತೆರೆದಳು. ಆ ಮಾತು ಗಂಟಲವರೆಗೆ ಬಂದದ್ದು ನಿಜ. ಬಂದು, ಅಲ್ಲೇ ಅಡ್ಡ ನಿಂತಿತು.

"ಆಫೀಸ್ ಟೈಮ್ ಮುಗೀತು ಅತ್ತೆ," ಎಂದಳು.

ಅತ್ತೆಗೆ ಕೆರಳಬೇಕೆಂದೇ ಇತ್ತು. ಆದರೆ ಯಾಕೋ ಹೊಟ್ಟೆಯೊಳಗಿಂದ ನಗು ಎದ್ದು ಬಂದು, ಅದನ್ನು ಕೆಮ್ಮಾಗಿ ತಿರುಗಿಸಲು ಹೆಣಗಿ, ಕೊನೆಗೆ ಕಣ್ಣಲ್ಲಿ ನೀರು ಬರುವಷ್ಟು ಕೆಮ್ಮಿದರು. ಸೊಸೆ ಬ್ಯಾಗಿನಿಂದ ನೀರಿನ ಬಾಟಲಿ ತೆಗೆದು ಕೊಟ್ಟಳು. ಅತ್ತೆ ಕುಡಿದು, ಮುಚ್ಚಳ ಸರಿಯಾಗಿ ಹಾಕುವುದು ಹೇಗೆಂದು ಅವಳಿಗೆ ತೋರಿಸಿಕೊಟ್ಟು, ಬಾಟಲಿ ಹಿಂದಕ್ಕೆ ಕೊಟ್ಟರು.

ಇಷ್ಟಾದ ಮೇಲೆ ಇಬ್ಬರೂ ಬದಲಾದರು, ಮನೆ ನಂದನವಾಯಿತು ಎಂದು ಯಾರಾದರೂ ಹೇಳಿದರೆ ನಂಬಬೇಡಿ. ಮನೆಯಲ್ಲಿ ಮೊದಲಿನ ಹಾಗೆಯೇ ಜಗಳ. ಆದರೆ ಪತ್ರವ್ಯವಹಾರ ನಿಲ್ಲಲಿಲ್ಲ. ಬೆಳಿಗ್ಗೆ ಒಲೆಯ ಮುಂದೆ 'ನೀನು', 'ನೀವು' ಎಂದು ಹರಿಹಾಯ್ದವರು ಮಧ್ಯಾಹ್ನ ಪರದೆಯ ಮೇಲೆ 'ಮಾನ್ಯರೇ', 'ತಾವು' ಎಂದು ಬರೆದುಕೊಳ್ಳುತ್ತಿದ್ದರು. 'ಈ ಮೂಲಕ ತಿಳಿಸುವುದೇನೆಂದರೆ, ಬೆಳಿಗ್ಗೆ ಟೀಗೆ ಸಕ್ಕರೆ ಹೆಚ್ಚಾಗಿತ್ತು.' 'ತಮಗಾದ ತೊಂದರೆಗೆ ಮನಃಪೂರ್ವಕವಾಗಿ ಕ್ಷಮೆ ಕೋರುತ್ತೇವೆ. ಆದರೆ ಸಕ್ಕರೆ ಹಾಕಿದವರು ತಮ್ಮ ಸುಪುತ್ರರು.' ಹೀಗೆ ಬಿಸಿಬಿಸಿ ವಿಷಯಗಳೆಲ್ಲ ಎರಡನೇ ಮಹಡಿಯ ಮೂಲಕ ಹೋಗಿ ತಣ್ಣಗಾಗಿ ಮನೆಗೆ ಬರತೊಡಗಿದ್ದರಿಂದ ಗಂಡನಿಗೆ ಸಂಜೆ ಕೂತು ಪೇಪರ್ ಓದುವಷ್ಟು ಬಿಡುವು ಸಿಕ್ಕಿತು.

ವರ್ಷ ಮುಗಿಯುವ ಹೊತ್ತಿಗೆ ಮಾಲೀಕ ಗುತ್ತಿಗೆ ನಿಲ್ಲಿಸಿದ. ಅಭಿನಂದನೆ ಬರೆಯಲು ಮನುಷ್ಯರು ಬೇಕಿಲ್ಲ, ಯಂತ್ರವೇ ಸಾಕು ಎಂದು ಅವನಿಗೆ ಯಾರೋ ಹೇಳಿದ್ದರು. ಕ್ಷಮಿಸಿ ಮೇಡಂ ಅನ್ನು ಒಂದು ಹಾಸಿಗೆ ಕಂಪನಿಯ ದೂರುಗಳಿಗೆ ಹಾಕಿದರು. ಅವಳು ಅದನ್ನು ರಾತ್ರಿಯೂಟದ ಹೊತ್ತಿಗೆ, ಯಾರಿಗೂ ಅಲ್ಲದ ಹಾಗೆ, ತಟ್ಟೆ ನೋಡಿಕೊಂಡು ಹೇಳಿದಳು. ಅತ್ತೆ ಕೇಳಿಸಲಿಲ್ಲವೆಂಬಂತೆ ಎದ್ದು ಕೈ ತೊಳೆದರು. ಮರುದಿನ ಬೆಳಿಗ್ಗೆ ಮಗನನ್ನು ಕರೆದು, ತಮಗೆ ಬೆನ್ನುನೋವು, ಹೊಸ ಹಾಸಿಗೆ ಬೇಕು, ಅದೂ ಇಂಥದೇ ಕಂಪನಿಯದು ಬೇಕು ಎಂದು ಹಟ ಹಿಡಿದರು.

"ಅಮ್ಮ, ಆ ಕಂಪನಿ ಹಾಸಿಗೆ ಬಗ್ಗೆ ತುಂಬ ಕಂಪ್ಲೇಂಟ್ ಇದೆಯಂತೆ."

"ಅದಕ್ಕೇ ಹೇಳ್ತಿರೋದು, ಅದನ್ನೇ ತಗೊಂಡು ಬಾ ಅಂತ."

ಹಾಸಿಗೆ ಬಂತು. ಅತ್ತೆ ಅದರ ಮೇಲೆ ಒಂದು ರಾತ್ರಿ ಮಲಗಿದರು. ನಿದ್ದೆ ಚೆನ್ನಾಗಿಯೇ ಬಂದಿತ್ತೆಂದು ಗೊರಕೆ ಕೇಳಿದ ಇಬ್ಬರೂ ಸಾಕ್ಷಿ ಹೇಳಬಲ್ಲರು. ಬೆಳಿಗ್ಗೆ ಎದ್ದು, ಟೀ ಕುಡಿದು, ಸೊಸೆ ಬಸ್ಸು ಹತ್ತಿರಬಹುದೆಂದು ಅಂದಾಜು ಮಾಡಿ, ಬೆನ್ನು ನೆಟ್ಟಗಿಟ್ಟುಕೊಂಡು ಕೀಲಿಮಣೆಯ ಮುಂದೆ ಕೂತರು.